ಜಪಾನಿನಲ್ಲಿ ವಿಚ್ಛೇದನ ನಿಜಕ್ಕೂ ಅಷ್ಟು ಸುಲಭವೇ?

ಪ್ರಶ್ನೆ:
ಜಪಾನಿನಲ್ಲಿ ದಂಪತಿಗಳು ನ್ಯಾಯಾಲಯದ ಮೆಟ್ಟಿಲು ಹತ್ತದೆಯೇ ವಿಚ್ಛೇದನ ಪಡೆಯಬಹುದೆಂದು ಓದಿದ್ದೇನೆ. ಕಾನೂನು ಇಷ್ಟು ಸಡಿಲವಾಗಿದ್ದರೂ ಅಲ್ಲಿನ ಸಮಾಜ ವಿಚ್ಛೇದನವನ್ನು ಬಹುಕಾಲ ಕಳಂಕವೆಂದೇ ಕಂಡಿತಲ್ಲ, ಅದಕ್ಕೆ ಕಾರಣವೇನು? ಈಗ ಬದಲಾಗುತ್ತಿರುವುದು ಕಾನೂನೋ, ಜನರ ಮನೋಭಾವವೋ?

ಉತ್ತರ 1:
ನೀವು ಓದಿದ್ದು ಸರಿ. ಅಲ್ಲಿನ ಹತ್ತರಲ್ಲಿ ಸುಮಾರು ಒಂಬತ್ತು ವಿಚ್ಛೇದನಗಳು ಪರಸ್ಪರ ಒಪ್ಪಿಗೆಯಿಂದಲೇ ಆಗುತ್ತವೆ. ಗಂಡ ಹೆಂಡತಿ ಇಬ್ಬರೂ ಸಹಿ ಹಾಕಿ, ಇಬ್ಬರು ವಯಸ್ಕ ಸಾಕ್ಷಿಗಳಿಂದಲೂ ಸಹಿ ಮಾಡಿಸಿದ ನಮೂನೆಯನ್ನು ಸ್ಥಳೀಯ ಆಡಳಿತದ ಕಚೇರಿ ಸ್ವೀಕರಿಸಿದರೆ ಮದುವೆ ಮುಗಿದಂತೆ. ಕಾಗದ ಕ್ರಮಬದ್ಧವಾಗಿದೆಯೇ ಎಂದು ಸಿಬ್ಬಂದಿ ನೋಡುತ್ತಾರೆಯೇ ಹೊರತು, ಒಪ್ಪಿಗೆ ಮನಃಪೂರ್ವಕವೇ ಎಂದು ವಿಚಾರಿಸುವುದಿಲ್ಲ. ಆದ್ದರಿಂದಲೇ, ಸಂಗಾತಿ ಖೋಟಾ ಸಹಿ ಹಾಕಿ ನಮೂನೆ ಸಲ್ಲಿಸಿಯಾರೆಂಬ ಭಯವಿರುವವರು ಅದನ್ನು ಸ್ವೀಕರಿಸಬಾರದೆಂದು ಕಚೇರಿಗೆ ಮುಂಚಿತವಾಗಿ ಬರೆದುಕೊಡುವ ವ್ಯವಸ್ಥೆಯೂ ಇದೆ. ಈ ಕಾನೂನಿನ ದೌರ್ಬಲ್ಯವನ್ನು ಅರಿಯಲು ಇದೊಂದೇ ಸಾಕೆಂದು ನನಗನ್ನಿಸುತ್ತದೆ.

ಸುಲಭವಾಗಿದ್ದದ್ದು ಕಾಗದದ ಕೆಲಸ ಮಾತ್ರ. ಮಗುವಿನ ಜೀವನಾಂಶದ ಬಗ್ಗೆ ಲಿಖಿತ ಒಪ್ಪಂದವಿಲ್ಲದೆಯೇ ಬೇರೆಯಾಗಲು ಅವಕಾಶವಿತ್ತು. ವರ್ಷಗಟ್ಟಲೆ ಮನೆ ನೋಡಿಕೊಂಡ ಹೆಂಡತಿಗೆ ಗಂಡನ ಉದ್ಯೋಗದ ಪಿಂಚಣಿಯಲ್ಲಿ ಪಾಲು ಸಿಗುವ ಏರ್ಪಾಡು ಬಂದದ್ದು 2007ರಲ್ಲಿ. ಹೆಂಗಸರನ್ನು ಕಟ್ಟಿಹಾಕಿದ್ದು ಕಳಂಕಕ್ಕಿಂತ ಹೆಚ್ಚಾಗಿ ಬರಿಗೈಯಲ್ಲಿ ಹೊರಬೀಳುವ ಅಂಜಿಕೆ ಎಂಬುದು ನನ್ನ ಅಭಿಪ್ರಾಯ.

ಉತ್ತರ 2:
ಕಳಂಕದ ಭಾವನೆಯೂ ಅನಾದಿಕಾಲದ್ದೇನಲ್ಲ. ಮೇಜಿ ಚಕ್ರವರ್ತಿಯ ಆಳ್ವಿಕೆಯ ಯುಗದ (1868–1912) ಆರಂಭದಲ್ಲಿ ಅಲ್ಲಿನ ವಿಚ್ಛೇದನ ಪ್ರಮಾಣ ಬಹಳ ಹೆಚ್ಚಾಗಿದ್ದು, ಮನೆತನದ ಯಜಮಾನನಿಗೆ ಅಧಿಕಾರ ಕೊಟ್ಟ 1898ರ ನಾಗರಿಕ ಸಂಹಿತೆಯ ನಂತರವೇ ಗಣನೀಯವಾಗಿ ಇಳಿಯಿತು. ಇತ್ತೀಚಿನ ಅಂಕಿಗಳನ್ನೂ ಎಚ್ಚರದಿಂದ ಓದಬೇಕು: 2002ರಲ್ಲಿ ಸುಮಾರು 2.9 ಲಕ್ಷಕ್ಕೇರಿದ್ದ ವಿಚ್ಛೇದನಗಳ ಸಂಖ್ಯೆ ಆಮೇಲೆ ಇಳಿದಿದೆ ಎಂದ ಮಾತ್ರಕ್ಕೆ ದಾಂಪತ್ಯಗಳು ಗಟ್ಟಿಯಾದವೆಂದಲ್ಲ, ಏಕೆಂದರೆ ಮದುವೆಗಳೇ ಕಡಿಮೆಯಾಗಿ 2023ರಲ್ಲಿ 5 ಲಕ್ಷಕ್ಕಿಂತ ಕೆಳಗಿಳಿದವು. ಇನ್ನೊಂದೆಡೆ, ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಜೊತೆಗಿದ್ದು ಬೇರೆಯಾಗುವವರ ಪಾಲು ಐದನೇ ಒಂದು ಭಾಗವನ್ನು ದಾಟಿದೆ.

ಪ್ರಶ್ನೆ ಕೇಳಿದವರು:
ಇಬ್ಬರಿಗೂ ಧನ್ಯವಾದಗಳು. ಒಬ್ಬರು ಒಪ್ಪದಿದ್ದರೆ ಏನಾಗುತ್ತದೆ? ಮಕ್ಕಳ ಪಾಲನೆಯ ನಿಯಮವೂ ಬದಲಾಗಿದೆಯೇ?

ಉತ್ತರ 1:
ಒಪ್ಪದಿದ್ದರೆ ಮೊದಲು ಕೌಟುಂಬಿಕ ನ್ಯಾಯಾಲಯದ ಸಂಧಾನ, ಅದು ವಿಫಲವಾದರೆ ಮೊಕದ್ದಮೆ. ತಪ್ಪು ಮಾಡಿದವರೇ ವಿಚ್ಛೇದನ ಕೇಳಿದಾಗ, ದೀರ್ಘಕಾಲದಿಂದ ಬೇರೆ ವಾಸವಿದ್ದು ಅವಲಂಬಿತ ಮಕ್ಕಳಿಲ್ಲದಿದ್ದರೆ ಕೊಡಬಹುದೆಂದು ಸರ್ವೋಚ್ಚ ನ್ಯಾಯಾಲಯ 1987ರಲ್ಲಿ ಹೇಳಿತು. ಆದರೆ ಇನ್ನೊಬ್ಬರು ತೀವ್ರ ಸಂಕಷ್ಟಕ್ಕೆ ಸಿಲುಕುವಂತಿರಬಾರದು. ವಿಚ್ಛೇದನದ ನಂತರ ಪಾಲನಾಧಿಕಾರ ಒಬ್ಬರಿಗೆ ಮಾತ್ರ ಎಂಬ ನಿಯಮವನ್ನು 2024ರ ತಿದ್ದುಪಡಿ ಸಡಿಲಿಸಿತು. 2026ರ ಏಪ್ರಿಲ್ 1ರಿಂದ ಜಂಟಿ ಪಾಲನೆಗೂ ಅವಕಾಶವಿದೆ. ಕೌಟುಂಬಿಕ ದೌರ್ಜನ್ಯದ ಆತಂಕವಿದ್ದರೆ ನ್ಯಾಯಾಲಯ ಒಬ್ಬರಿಗೇ ಅಧಿಕಾರ ಕೊಡಬೇಕು. ಆದರೆ ಮುಚ್ಚಿದ ಬಾಗಿಲೊಳಗಿನ ಹಿಂಸೆಯನ್ನು ಸಾಬೀತುಪಡಿಸುವುದು ಹೇಗೆಂಬ ಪ್ರಶ್ನೆಯನ್ನು ವಿರೋಧಿಗಳು ಎತ್ತುತ್ತಲೇ ಬಂದಿದ್ದಾರೆ.