ಕೈಗಾರಿಕಾ ನಿವೇಶನದ ಹಂಚಿಕೆ ರದ್ದು ಮಾಡುವ ನೋಟಿಸ್ ಬಂದರೆ ಏನು ಮಾಡಬೇಕು? ತಿಳಿದವರು ಹೇಳಿ

ಪ್ರಶ್ನೆ: ಕೈಗಾರಿಕಾ ಪ್ರದೇಶದಲ್ಲಿ ಎರಡು ಎಕರೆ. ಲೀಸ್ ಕಮ್ ಸೇಲ್ ಕರಾರು (ಮೊದಲು ಗುತ್ತಿಗೆ, ಷರತ್ತು ಪೂರೈಸಿದ ಮೇಲೆ ಕ್ರಯ) ಆಗಿದೆ, ಸ್ವಾಧೀನ ಪತ್ರವೂ ಇದೆ. ಅವಧಿಯೊಳಗೆ ಕಾರ್ಖಾನೆ ಕಟ್ಟಿಲ್ಲ, ಬಡ್ಡಿ ಬಾಕಿ ಇದೆ, ಹಂಚಿಕೆಯನ್ನು ಏಕೆ ರದ್ದು ಮಾಡಬಾರದು ಎಂದು ನೋಟಿಸ್ ಬಂದಿದೆ. ನೇರವಾಗಿ ಹೈಕೋರ್ಟಿಗೆ ಹೋಗುವುದೇ, ಮೊದಲು ಉತ್ತರ ಕೊಡುವುದೇ?

ರಿಟ್ ಅರ್ಜಿಗಳನ್ನು (ಸರ್ಕಾರಿ ಸಂಸ್ಥೆಗಳ ಕ್ರಮವನ್ನು ಹೈಕೋರ್ಟಿನಲ್ಲಿ ಪ್ರಶ್ನಿಸುವ ಅರ್ಜಿ) ನಡೆಸುವ ವಕೀಲರು:
ಮೊದಲು ಉತ್ತರ. ಕಾರಣ ಕೇಳಿದ ನೋಟಿಸಿನ ಮೇಲೆಯೇ ರಿಟ್ ಹಾಕಿದರೆ "ಇನ್ನೂ ಆದೇಶವೇ ಆಗಿಲ್ಲವಲ್ಲ, ಹೋಗಿ ಉತ್ತರ ಕೊಡಿ" ಎಂದು ಕಳಿಸುವುದೇ ಹೆಚ್ಚು. ಅಷ್ಟರಲ್ಲಿ ನೋಟಿಸಿನ ಗಡುವು ಮುಗಿದು, ಉತ್ತರವೇ ಬಂದಿಲ್ಲ ಎಂದು ಕಡತದಲ್ಲಿ ಬರೆದುಬಿಡುತ್ತಾರೆ. ನೋಟಿಸ್ ಕೊಟ್ಟ ಅಧಿಕಾರಿಗೆ ಆ ಅಧಿಕಾರವೇ ಇಲ್ಲದಿದ್ದರೆ ಮಾತ್ರ ಮಾತು ಬೇರೆ.

ನೋಟಿಸಿನಲ್ಲಿ ಯಾವ ಕಲಂ ಹಾಕಿದ್ದಾರೆ ಎಂದು ನೋಡಿ. ಕರ್ನಾಟಕದಲ್ಲಿ ಕೈಗಾರಿಕಾ ಪ್ರದೇಶಾಭಿವೃದ್ಧಿ ಕಾಯ್ದೆ, 1966ರ 34-ಬಿ ಕಲಂ ಕೆಳಗೆ ಕೈಗಾರಿಕಾ ಪ್ರದೇಶಾಭಿವೃದ್ಧಿ ಮಂಡಳಿಯವರು ನಿವೇಶನವನ್ನು ಮರಳಿ ವಶಕ್ಕೆ ತೆಗೆದುಕೊಳ್ಳುತ್ತಾರೆ. ಆ ಕಲಮನ್ನೂ ನಿಮ್ಮ ಕರಾರಿನ ಷರತ್ತನ್ನೂ ಪಕ್ಕಪಕ್ಕ ಇಟ್ಟುಕೊಂಡು ಓದಿ. ಬರೀ ಹಂಚಿಕೆ ಪತ್ರ ಇರುವವರಿಗಿಂತ ನೋಂದಾಯಿತ ಕರಾರು ಇರುವವರ ಹಕ್ಕು ಗಟ್ಟಿ. ಶುದ್ಧ ಕ್ರಯಪತ್ರ ಆಗಿದ್ದರಂತೂ ಒಂದು ಪತ್ರ ಬರೆದು "ರದ್ದು" ಎನ್ನುವುದು ಸುಲಭವಲ್ಲ.

ನೋಟಿಸ್ ಬಂದ ಲಕೋಟೆಯನ್ನು ಎಸೆಯಬೇಡಿ. ನೋಟಿಸ್ ಯಾವಾಗ ಬಂತು ಎಂಬುದಕ್ಕೆ ಅದರ ಮೇಲಿನ ಅಂಚೆ ಮೊಹರು ಸಾಕ್ಷಿ.

ಯೋಜನಾ ಅನುಮೋದನೆ ಕೆಲಸ ಮಾಡುವವರು:
ಉತ್ತರದ ಜೀವಾಳ ದಿನಾಂಕಗಳ ಪಟ್ಟಿ. ಹಾಳೆಯಲ್ಲಿ ಎರಡು ಅಂಕಣ ಮಾಡಿ. ಎಡಕ್ಕೆ ನೀವು ಮಾಡಿದ್ದು: ನಕ್ಷೆ ಅನುಮೋದನೆಗೆ ಅರ್ಜಿ, ಮಾಲಿನ್ಯ ನಿಯಂತ್ರಣ ಮಂಡಳಿಯ ಸ್ಥಾಪನಾ ಸಮ್ಮತಿ, ವಿದ್ಯುತ್ ಮಂಜೂರಾತಿ, ಬ್ಯಾಂಕ್ ಸಾಲ, ಯಂತ್ರಗಳಿಗೆ ಕೊಟ್ಟ ಮುಂಗಡ. ಬಲಕ್ಕೆ ನಿವೇಶನ ಕೊಟ್ಟವರು ಮಾಡಬೇಕಿದ್ದುದು: ರಸ್ತೆ, ನೀರು, ವಿದ್ಯುತ್ ಮಾರ್ಗ, ಒತ್ತುವರಿ ಇಲ್ಲದ ಜಾಗ. ಪ್ರತಿ ಸಾಲಿನ ಎದುರು ಒಂದು ದಾಖಲೆಯ ಸಂಖ್ಯೆ ಇರಲೇಬೇಕು. ಸ್ವಾಧೀನ ಪತ್ರಕ್ಕೆ ಸಹಿ ಹಾಕಿದ ದಿನ ಒಂದಾದರೆ, ಲಾರಿ ಒಳಗೆ ಹೋಗುವಂತಾದ ದಿನ ಇನ್ನೊಂದು. ಈ ನಡುವಿನ ಕಾಲವೇ ಎಷ್ಟೋ ಸಲ ಇಡೀ ವಾದ. ಆದರೆ "ರಸ್ತೆ ಇಲ್ಲ" ಎಂದು ಆ ಕಾಲದಲ್ಲೇ ಬರೆದ ಪತ್ರ ನಿಮ್ಮಲ್ಲಿ ಇಲ್ಲದಿದ್ದರೆ, ನೋಟಿಸ್ ಬಂದ ಮೇಲೆ ಹೇಳಿದ್ದನ್ನು ನೆಪವೆಂದೇ ತಿಳಿಯುತ್ತಾರೆ.

ಜಾಗದ ಫೋಟೊಗಳನ್ನು ದಿನಾಂಕ, ಸ್ಥಳ ನಮೂದಾಗುವಂತೆ ತೆಗೆಸಿ. ಬೇಲಿ, ಬೋರ್‌ವೆಲ್, ಅಡಿಪಾಯ ಏನೇ ಇದ್ದರೂ ಎಂಜಿನಿಯರ್ ಅವರಿಂದ ಪ್ರಮಾಣಪತ್ರ, ಖರ್ಚಿಗೆ ಲೆಕ್ಕಪರಿಶೋಧಕರಿಂದ ಪ್ರಮಾಣಪತ್ರ. ಉತ್ತರದ ಕೊನೆಯಲ್ಲಿ ಎರಡು ಕೋರಿಕೆ ಇರಲಿ: ಖುದ್ದು ವಿಚಾರಣೆಗೆ ಅವಕಾಶ, ಮತ್ತು ಯಾವ ತಿಂಗಳಲ್ಲಿ ಯಾವ ಹಂತ ಮುಗಿಸುತ್ತೀರಿ ಎಂಬ ವೇಳಾಪಟ್ಟಿಯೊಂದಿಗೆ ಅವಧಿ ವಿಸ್ತರಣೆ. "ಸ್ವಲ್ಪ ಸಮಯ ಕೊಡಿ" ಎಂಬ ಎರಡು ಸಾಲಿನ ಪತ್ರ ಅಪಾಯ, ಅದು ತಪ್ಪೊಪ್ಪಿಗೆಯಂತೆ ಓದಿಸಿಕೊಳ್ಳುತ್ತದೆ. ಟಪಾಲು ವಿಭಾಗದಲ್ಲಿ ಕೊಟ್ಟು ನಿಮ್ಮ ಪ್ರತಿಯ ಮೇಲೆ ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಅಂಚೆಯಲ್ಲೂ ಒಂದು ಕಳಿಸಿ.

ಜೊತೆಗೇ ಹತ್ತು ರೂಪಾಯಿಯ ಮಾಹಿತಿ ಹಕ್ಕು ಅರ್ಜಿ ಹಾಕಿ. ಟಿಪ್ಪಣಿ ಹಾಳೆಗಳು, ಸ್ಥಳ ತನಿಖಾ ವರದಿ, ರವಾನೆ ವಹಿಯ ನಕಲು ಕೇಳಿ. ಮಾಹಿತಿ ಬರಲು 30 ದಿನ ಹಿಡಿಯಬಹುದು, ಅದಕ್ಕಾಗಿ ನೋಟಿಸಿನ ಉತ್ತರವನ್ನು ತಡಮಾಡಬೇಡಿ.

ಲೆಕ್ಕಪತ್ರ ನೋಡುವವರು:
ಬಾಕಿಯ ವಿಷಯ ಹಗುರವಾಗಿ ತೆಗೆದುಕೊಳ್ಳಬೇಡಿ. ಉತ್ತರ ಪ್ರದೇಶದ ಕೈಗಾರಿಕಾ ನಿಗಮ 2003ರಲ್ಲಿ ಜಗದೀಶಪುರದ ಬಳಿ ಕಮಲಾ ನೆಹರು ಮೆಮೋರಿಯಲ್ ಟ್ರಸ್ಟಿಗೆ 125 ಎಕರೆ ಹಂಚಿತ್ತು. ಹಣ ಕಟ್ಟಲಿಲ್ಲವೆಂದು 2007ರಲ್ಲಿ ರದ್ದು ಮಾಡಿತು. ನೋಟಿಸ್ ಕೊಟ್ಟ ಕ್ರಮವೇ ಸರಿಯಿಲ್ಲ ಎಂಬ ವಾದ ಸುಪ್ರೀಂ ಕೋರ್ಟಿನವರೆಗೂ ಹೋಯಿತು, 2025ರ ಮೇ 30ರಂದು ರದ್ದತಿಯೇ ನಿಂತಿತು. ಅಷ್ಟೇ ಅಲ್ಲ, ಮೊದಲು ಜಮೀನು ಕೊಟ್ಟ ರೀತಿಯನ್ನೂ ನ್ಯಾಯಾಲಯ ಪ್ರಶ್ನಿಸಿತು. ಬಡ್ಡಿ ಮನ್ನಾ ಕೇಳುತ್ತಾ ಅಸಲನ್ನೂ ಕಟ್ಟದೆ ಕೂರುವವರು ಇದನ್ನು ನೆನಪಿಡಬೇಕು.

ಬಡ್ಡಿ ಲೆಕ್ಕ ತಪ್ಪಿದೆ ಅನಿಸಿದರೆ ನಿಮ್ಮ ಲೆಕ್ಕದ ಮೊತ್ತಕ್ಕೆ ಡಿಡಿ ತೆಗೆದು, "ಆಕ್ಷೇಪಣೆಗೆ ಒಳಪಟ್ಟು ಪಾವತಿ" ಎಂಬ ಪತ್ರದ ಜೊತೆ ಕೊಡಿ. ತೆಗೆದುಕೊಳ್ಳದಿದ್ದರೆ ಆ ಡಿಡಿಯ ಪ್ರತಿಯೇ ನಿಮ್ಮ ದಾಖಲೆ. ಇದಕ್ಕೆ ತದ್ವಿರುದ್ಧ ಸಂದರ್ಭವೂ ಬರಬಹುದು: ರದ್ದು ಮಾಡಿ ನಿಮ್ಮ ಹಣವನ್ನು ಖಾತೆಗೆ ಹಾಕಿಬಿಡುತ್ತಾರೆ. ಅದನ್ನು ಮುಟ್ಟಬೇಡಿ. ಒಪ್ಪಿಲ್ಲವೆಂದು ಅಂದೇ ಬರೆಯಿರಿ. ಹಣ ಬಳಸಿಕೊಂಡು ವರ್ಷದ ಮೇಲೆ ದಾವೆ ಹೂಡಿದರೆ ಒಪ್ಪಿಕೊಂಡಿದ್ದಿರಲ್ಲ ಎನ್ನುತ್ತಾರೆ.

ಮತ್ತೆ ವಕೀಲರು:
ರದ್ದು ಆದೇಶವೇ ಬಂದರೆ ಆಗ ಸಂವಿಧಾನದ 226ನೇ ವಿಧಿ ಕೆಳಗೆ ಹೈಕೋರ್ಟಿನಲ್ಲಿ ರಿಟ್. ವ್ಯಾಪ್ತಿಗೆ ತಕ್ಕಂತೆ ಬೆಂಗಳೂರು, ಧಾರವಾಡ ಅಥವಾ ಕಲಬುರಗಿ. ಇಲ್ಲಿ ಸುಪ್ರೀಂ ಕೋರ್ಟಿನ ಎರಡು ಹಳೆಯ ತೀರ್ಪುಗಳು ಆಸರೆ. 1978ರ ಮೊಹಿಂದರ್ ಸಿಂಗ್ ಗಿಲ್ ಪ್ರಕರಣದ ಪ್ರಕಾರ ಆದೇಶ ತನ್ನಲ್ಲಿ ಬರೆದ ಕಾರಣಗಳ ಮೇಲೇ ನಿಲ್ಲಬೇಕು, ಆಮೇಲೆ ಕೋರ್ಟಿಗೆ ಕೊಡುವ ಅಫಿಡವಿಟ್ಟಿನಲ್ಲಿ ಹೊಸ ಕಾರಣ ಪೋಣಿಸುವಂತಿಲ್ಲ. ನಿಮ್ಮ ಉತ್ತರದ ಅಂಶಗಳನ್ನು ಚರ್ಚಿಸದೆ "ಸಮಾಧಾನಕರವಾಗಿಲ್ಲ" ಎಂದಷ್ಟೇ ಬರೆದಿದ್ದರೆ ಇದು ಕೆಲಸಕ್ಕೆ ಬರುತ್ತದೆ. 2004ರ ತೇರಿ ಓಟ್ ಎಸ್ಟೇಟ್ಸ್ ಪ್ರಕರಣ ಚಂಡೀಗಢದ ನಿವೇಶನದ್ದು: ಮರುವಶ ಕೊನೆಯ ಅಸ್ತ್ರವಾಗಬೇಕು ಎನ್ನುತ್ತದೆ. ಆದರೆ ಅದು ಕಟ್ಟುವ ಮನಸ್ಸಿದ್ದವರಿಗೆ ಅನುಕೂಲ, ಜಾಗದ ಬೆಲೆ ಏರಲಿ ಎಂದು ಕಾದವರಿಗಲ್ಲ.

ಮಧ್ಯಂತರ ಕೋರಿಕೆಯಲ್ಲಿ ಆದೇಶಕ್ಕೆ ತಡೆ ಮಾತ್ರ ಕೇಳುವುದು ಸಾಮಾನ್ಯ ತಪ್ಪು. ಬೇರೆಯವರಿಗೆ ಹಂಚಬಾರದು, ಯಥಾಸ್ಥಿತಿ ಕಾಪಾಡಬೇಕು ಎಂದೂ ಕೇಳಿ. ಈಗಾಗಲೇ ಇನ್ನೊಬ್ಬರಿಗೆ ಹಂಚಿಕೆಯಾಗಿದ್ದರೆ ಅವರನ್ನೂ ಪ್ರತಿವಾದಿ ಮಾಡಲೇಬೇಕು. ತಡ ಮಾಡಿದಷ್ಟೂ ಈ ಅಪಾಯ ಹೆಚ್ಚು. ರಸ್ತೆ ಇತ್ತೋ ಇಲ್ಲವೋ ಎಂಬಂಥ ಸಾಕ್ಷ್ಯದ ಜಗಳವೇ ಮುಖ್ಯವಾದರೆ ರಿಟ್‌ನಲ್ಲಿ ಅದನ್ನು ತೀರ್ಮಾನಿಸದೆ ಸಿವಿಲ್ ನ್ಯಾಯಾಲಯಕ್ಕೆ ಹೋಗಿ ಎನ್ನಬಹುದು. ಅದಕ್ಕೇ ಉತ್ತರದ ಜೊತೆಗಿನ ಕಾಗದಗಳು ಅಷ್ಟು ಗಟ್ಟಿಯಾಗಿರಬೇಕು. ನಿಮ್ಮ ಕರಾರಿನಲ್ಲಿ ಮಧ್ಯಸ್ಥಿಕೆ ಷರತ್ತು (ವಿವಾದವನ್ನು ಮಧ್ಯಸ್ಥಗಾರರ ಮುಂದೆ ಬಗೆಹರಿಸಿಕೊಳ್ಳಬೇಕೆಂಬುದು) ಇದೆಯೇ ಎಂದೂ ನೋಡಿ.

ವಿಚಾರಣೆ ಕೊಡಲಿಲ್ಲವೆಂದು ಆದೇಶ ರದ್ದಾದರೆ ಹೆಚ್ಚಾಗಿ ಪ್ರಕರಣ ಹೊಸದಾಗಿ ತೀರ್ಮಾನಿಸಲು ರದ್ದು ಮಾಡಿದ ಅದೇ ಮಂಡಳಿಗೆ ಹಿಂತಿರುಗುತ್ತದೆ. ಗೆದ್ದೆವು ಎಂದು ಸುಮ್ಮನಾಗುವವರು ಎರಡನೇ ಸುತ್ತಿನಲ್ಲಿ ಸೋಲುತ್ತಾರೆ. ಆ ತಿಂಗಳುಗಳಲ್ಲಿ ಅಡಿಪಾಯವಾದರೂ ಏಳಬೇಕು. ಆದರೆ ನಕ್ಷೆ ಅನುಮೋದನೆ ಇಲ್ಲದೆ ಅಥವಾ ಯಥಾಸ್ಥಿತಿ ಆದೇಶ ಇರುವಾಗ ಕಟ್ಟಡಕ್ಕೆ ಕೈ ಹಾಕಬೇಡಿ.

ಇನ್ನೊಬ್ಬರು:
ಎರಡು ಮಾತು ಸೇರಿಸುತ್ತೇನೆ. ಜಾಗದ ಮೇಲೆ ಸಾಲ ಇದ್ದರೆ ನೋಟಿಸಿನ ಪ್ರತಿಯನ್ನು ಬ್ಯಾಂಕಿಗೆ ಕೊಡಿ, ಅವರಿಗೂ ಹಕ್ಕು ಇರುತ್ತದೆ. ಪಾಲುದಾರರು ಬದಲಾಗಿದ್ದು, ಶೆಡ್ ಬಾಡಿಗೆಗೆ ಕೊಟ್ಟಿದ್ದು ಅನುಮತಿ ಇಲ್ಲದೆ ನಡೆದಿದ್ದರೆ ವಕೀಲರಿಗೆ ಮೊದಲ ದಿನವೇ ಹೇಳಿ. ನೋಟಿಸಿನಲ್ಲಿ ಇಲ್ಲದಿದ್ದರೂ ಸ್ಥಳ ತನಿಖೆಗೆ ಬಂದವರ ಕಣ್ಣಿಗೆ ಅದು ಬಿದ್ದಿರುತ್ತದೆ.