‘ಡ್ಯಾಫ್ನಿಯಾ’ ಎಂಬ ಹೆಸರಿನ ಅರ್ಥವೇನು, ಕನ್ನಡದಲ್ಲಿ ಅದನ್ನು ಹೇಗೆ ಬಳಸಬೇಕು?

ಪ್ರಶ್ನೆ: ಕೆರೆದಂಡೆ

ಎಲ್ಲರಿಗೂ ನಮಸ್ಕಾರ. ನಾನು ಪ್ರೌಢಶಾಲೆಯೊಂದರಲ್ಲಿ ವಿಜ್ಞಾನ ಕಲಿಸುತ್ತೇನೆ. ನಮ್ಮೂರ ಕೆರೆಯ ಜೀವಿಗಳನ್ನು ಕುರಿತು ಮಕ್ಕಳಿಗಾಗಿ ಒಂದು ಕಿರುಹೊತ್ತಗೆ ಬರೆಯುತ್ತಿದ್ದೇನೆ, ಅದರ ಒಂದು ಪುಟ ಹೆಸರಿನ ಕಾರಣಕ್ಕೆ ನಿಂತುಹೋಗಿದೆ. ಕೆರೆಯ ನೀರನ್ನು ಗಾಜಿನ ಲೋಟದಲ್ಲಿ ತುಂಬಿ ಕಿಟಕಿಯ ಬೆಳಕಿಗೆ ಹಿಡಿದಾಗ ರವೆಯ ಕಾಳಿನಷ್ಟು ದೊಡ್ಡ ಜೀವಿಗಳು ಮೇಲಕ್ಕೆ ಚಿಮ್ಮಿ, ಅರೆಕ್ಷಣ ನಿಂತು, ಮೆಲ್ಲನೆ ಕೆಳಗಿಳಿದು, ಮತ್ತೆ ಚಿಮ್ಮುವುದನ್ನು ನಮ್ಮ ಮಕ್ಕಳು ಕಂಡರು. ಅವನ್ನು ನಾನು ‘ಡ್ಯಾಫ್ನಿಯಾ’ ಎಂದು ಬರೆದೆ. ಕರಡು ತಿದ್ದಿದ ನಮ್ಮ ಕನ್ನಡ ಮೇಷ್ಟ್ರು ಅದನ್ನು ಹೊಡೆದುಹಾಕಿ ‘ನೀರುಚಿಗಟ’ ಎಂದು ಬರೆದರು. ಆ ಪುಟವನ್ನು ಮನೆಗೆ ಒಯ್ದ ಹುಡುಗಿಯೊಬ್ಬಳ ತಾಯಿ ಮರುದಿನವೇ ಬಂದು, ‘ಸಾರ್, ಮಕ್ಕಳು ಕೆರೆಯಲ್ಲಿ ಕೈ ಹಾಕಿದರೆ ಅವು ಕಚ್ಚುವುದಿಲ್ಲವೇ?’ ಎಂದು ಆತಂಕದಿಂದ ಕೇಳಿದರು. ಚಿಗಟವೆಂದರೆ ನಾಯಿಯ ಮೈಮೇಲಿನ, ರಕ್ತ ಹೀರುವ ಹುಳವೆಂದೇ ನಮ್ಮ ಜನರಿಗೆ ಗೊತ್ತಿರುವುದರಿಂದ ಅವರ ಭಯ ಸಹಜವಾದದ್ದು.

ಆದ್ದರಿಂದ ತಿಳಿದವರಲ್ಲಿ ಕೇಳುತ್ತಿದ್ದೇನೆ. ‘ಡ್ಯಾಫ್ನಿಯಾ’ ಎಂಬುದಕ್ಕೆ ಏನಾದರೂ ಅರ್ಥವಿದೆಯೇ? ‘ನೀರುಚಿಗಟ’ ಎಂದು ಬರೆಯುವುದು ತಪ್ಪೇ? ಮೂಲ ಹೆಸರನ್ನೇ ಉಳಿಸಿಕೊಳ್ಳುವುದಾದರೆ ಅದಕ್ಕೆ ಕನ್ನಡದ ಪ್ರತ್ಯಯಗಳನ್ನು ಹೇಗೆ ಹಚ್ಚಬೇಕು?

ಉತ್ತರ 1: ಪದಮೂಲ

ತಾವು ಕೇಳಿದ ಮೊದಲ ಪ್ರಶ್ನೆಗೆ ಉತ್ತರ ಗ್ರೀಕ್ ಪುರಾಣದಲ್ಲಿದೆ. ‘ದಾಫ್ನೆ’ ಎಂದರೆ ಗ್ರೀಕ್ ಭಾಷೆಯಲ್ಲಿ ಲಾರೆಲ್ ಮರ. ಅದೇ ಹೆಸರಿನ ವನದೇವತೆಯೊಬ್ಬಳನ್ನು ಅಪೊಲೊ ದೇವನು ಅಟ್ಟಿಸಿಕೊಂಡು ಬಂದಾಗ ಅವಳು ತನ್ನ ತಂದೆಯಾದ ನದಿಯ ದೇವನನ್ನು ಮೊರೆಹೊಕ್ಕು, ಓಡುತ್ತಿದ್ದಂತೆಯೇ ಮರವಾಗಿ ಬದಲಾದಳೆಂದು ಕಥೆ. ಮೈ ತೊಗಟೆಯಾಯಿತು, ತೋಳುಗಳು ಕೊಂಬೆಗಳಾದವು. (ಈ ಲಾರೆಲ್ ನಾವು ಪಲಾವಿಗೆ ಹಾಕುವ ಎಲೆಯ ಮರವಲ್ಲ. ನಮ್ಮ ಪಲಾವ್ ಎಲೆ ದಾಲ್ಚಿನ್ನಿಯ ಬಳಗದ್ದು.)

ಈ ಪುಟ್ಟ ಜೀವಿಗೆ ಆ ಹೆಸರನ್ನಿಟ್ಟವರು ಡೆನ್ಮಾರ್ಕಿನ ನಿಸರ್ಗವಿಜ್ಞಾನಿ ಓಟ್ಟೊ ಫ್ರೀಡ್ರಿಕ್ ಮ್ಯುಲರ್. ಅವರು 1784ರಲ್ಲಿ ತೀರಿಕೊಂಡರು. ಹೆಸರು ಅಚ್ಚಾದದ್ದು ಮರುವರ್ಷ, 1785ರಲ್ಲಿ. ಪುರಾಣದ ಹೆಸರುಗಳು ಮ್ಯುಲರರಿಗೆ ಬಹಳ ಪ್ರಿಯವಾಗಿದ್ದವು. ಒಂದೇ ಕಣ್ಣಿನ ದೈತ್ಯನ ‘ಸೈಕ್ಲಾಪ್ಸ್’, ಪ್ರೇಮದೇವತೆಯ ಬಿರುದಾದ ‘ಸಿಪ್ರಿಸ್’, ನೂರು ಕಣ್ಣಿನ ಆರ್ಗಸನನ್ನು ನೆನಪಿಸುವ ‘ಆರ್ಗುಲಸ್’ ಇವೆಲ್ಲವೂ ಅವರು ನೀರಿನ ಕಿರುಜೀವಿಗಳಿಗೆ ಇಟ್ಟ ಹೆಸರುಗಳೇ. ಆದರೂ ‘ದಾಫ್ನೆ’ಯ ಆಯ್ಕೆಯಲ್ಲಿ ಬರಿಯ ಅಲಂಕಾರವಷ್ಟೇ ಇಲ್ಲವೆಂದು ನನಗೆ ತೋರುತ್ತದೆ. ಅವರಿಗಿಂತ ನೂರು ವರ್ಷಕ್ಕೂ ಮುಂಚೆ, 1669ರಲ್ಲಿ, ಹಾಲೆಂಡಿನ ಯಾನ್ ಸ್ವಾಮರ್ಡಾಮ್ ಇದೇ ಜೀವಿಯನ್ನು ಲ್ಯಾಟಿನ್ ಭಾಷೆಯಲ್ಲಿ ‘ಮರದಂತೆ ಕವಲೊಡೆದ ನೀರುಚಿಗಟ’ ಎಂಬರ್ಥದ ಮಾತಿನಿಂದ ಕರೆದಿದ್ದರು. ತಲೆಯ ಎರಡು ಬದಿಗಳಿಂದ ಕೊಂಬೆಗಳಂತೆ ಚಾಚಿಕೊಂಡ ಕುಡಿಮೀಸೆಗಳನ್ನು ಕಂಡವರಿಗೆ ಮರದ ಹೋಲಿಕೆ ತಾನಾಗಿ ಹೊಳೆಯುತ್ತದೆ. ಮರವಾದ ಹೆಣ್ಣಿನ ಹೆಸರು ಮ್ಯುಲರರ ನೆನಪಿಗೆ ಬಂದದ್ದು ಆ ಕವಲುಗಳನ್ನು ನೋಡಿಯೇ ಇರಬೇಕೆಂಬುದು ನನ್ನ ಊಹೆ. ಇದನ್ನು ಊಹೆಯೆಂದೇ ತಾವು ತೆಗೆದುಕೊಳ್ಳಬೇಕು.

ಮುಂದೆ 1829ರಲ್ಲಿ ಫ್ರಾನ್ಸಿನ ಲಾತ್ರೇಯ್ ಈ ಬಳಗಕ್ಕೆಲ್ಲ ‘ಕ್ಲಾಡೊಸೆರಾ’ ಎಂದು ಹೆಸರಿಟ್ಟರು. ಗ್ರೀಕಿನಲ್ಲಿ ‘ಕ್ಲಾಡೊಸ್’ ಎಂದರೆ ಕೊಂಬೆ, ‘ಕೆರಾಸ್’ ಎಂದರೆ ಕೊಂಬು. ಕನ್ನಡದಲ್ಲಿ ಇದನ್ನು ‘ಕೊಂಬೆಗೊಂಬಿನವು’ ಎಂದರೆ ಸಾಕು. ಮೂಲದಲ್ಲಿ ಇಲ್ಲದ ಪ್ರಾಸವೂ ನಮಗೆ ಸಿಗುತ್ತದೆ.

ಪ್ರತ್ಯಯಗಳ ವಿಚಾರ. ನಾವು ‘ರಷ್ಯಾ, ರಷ್ಯಾದ, ರಷ್ಯಾಕ್ಕೆ’ ಎಂದೂ ‘ರಷ್ಯ, ರಷ್ಯದ, ರಷ್ಯಕ್ಕೆ’ ಎಂದೂ ಬರೆಯುತ್ತೇವೆ. ಹಾಗೆಯೇ ‘ಡ್ಯಾಫ್ನಿಯಾ’ವನ್ನು ದೀರ್ಘವಾಗಿ ಉಳಿಸಿ ‘ಡ್ಯಾಫ್ನಿಯಾದ, ಡ್ಯಾಫ್ನಿಯಾಕ್ಕೆ, ಡ್ಯಾಫ್ನಿಯಾಗಳನ್ನು’ ಎನ್ನಬಹುದು, ಅಥವಾ ‘ಹುಳ, ಹುಳದ, ಹುಳಕ್ಕೆ’ ಎಂಬ ಮಾದರಿಯಲ್ಲಿ ಹ್ರಸ್ವಗೊಳಿಸಿ ‘ಡಾಫ್ನಿಯ, ಡಾಫ್ನಿಯದ, ಡಾಫ್ನಿಯಕ್ಕೆ’ ಎನ್ನಬಹುದು. ಎರಡನೆಯದು ಕನ್ನಡದ ನಾಲಿಗೆಗೆ ಹತ್ತಿರವೆಂದು ನನ್ನ ಅಭಿಪ್ರಾಯ. ಯಾವುದನ್ನು ಆರಿಸಿದರೂ ಹೊತ್ತಗೆಯ ಕೊನೆಯವರೆಗೆ ಅದನ್ನೇ ಪಾಲಿಸಬೇಕು. ಒಂದು ಪುಟದಲ್ಲಿ ಒಂದು, ಇನ್ನೊಂದು ಪುಟದಲ್ಲಿ ಇನ್ನೊಂದು ರೂಪ ಕಂಡರೆ ಮಕ್ಕಳು ಅವು ಬೇರೆ ಬೇರೆ ಜೀವಿಗಳೆಂದು ತಿಳಿದಾರು.

ಉತ್ತರ 2: ಹನಿಯೊಳಗೆ

ಪದಮೂಲ ಅವರ ಉತ್ತರ ಓದಿ ಸಂತೋಷವಾಯಿತು. ಪ್ರಾಣಿಶಾಸ್ತ್ರ ಕಲಿಸುವವಳಾಗಿ ಹೆಸರಿನ ಬಳಕೆಯ ಬಗ್ಗೆ ಕೆಲವು ಮಾತುಗಳನ್ನು ಸೇರಿಸಬಯಸುತ್ತೇನೆ.

‘ನೀರುಚಿಗಟ’ ತಪ್ಪಲ್ಲ. ಆದರೆ ಆ ಹೆಸರು ಹುಟ್ಟಿದ್ದು ಜೀವಿಯ ನಡೆಯನ್ನು ನೋಡಿ, ಅದರ ನಂಟನ್ನು ನೋಡಿಯಲ್ಲ ಎಂಬುದನ್ನು ಪುಟದಲ್ಲಿಯೇ ಒಂದು ವಾಕ್ಯದಲ್ಲಿ ಹೇಳಿಬಿಡಬೇಕು. ನಾಯಿಯ ಮೈಮೇಲಿನ ಚಿಗಟ ಆರು ಕಾಲಿನ ಕೀಟ, ಕಾಲಿನಿಂದ ನೆಗೆಯುತ್ತದೆ, ರಕ್ತ ಕುಡಿಯುತ್ತದೆ. ಡ್ಯಾಫ್ನಿಯಾ ಏಡಿ, ಸಿಗಡಿಗಳ ಬಳಗವಾದ ಕಠಿಣಚರ್ಮಿಗಳಿಗೆ ಸೇರಿದ್ದು. ಅದು ನೆಗೆಯುವುದು ಆ ಕವಲೊಡೆದ ಕುಡಿಮೀಸೆಗಳನ್ನು ದೋಣಿಯ ಹುಟ್ಟಿನಂತೆ ಒಮ್ಮೆಲೇ ಕೆಳಕ್ಕೆ ಬಡಿದು. ಬಡಿತ ನಿಂತೊಡನೆ ಮೈಭಾರಕ್ಕೆ ಕೆಳಗಿಳಿಯುತ್ತದೆ. ಮಕ್ಕಳು ಲೋಟದಲ್ಲಿ ಕಂಡ ಆ ಏರಿಳಿತ ಇದೇ. ಕಾಲುಗಳು ಪಾರದರ್ಶಕವಾದ ಚಿಪ್ಪಿನ ಒಳಗೇ ಇದ್ದು, ನೀರನ್ನು ಹರಿಸಿ ಅದರಲ್ಲಿನ ಪಾಚಿಯ ಕಣಗಳನ್ನೂ ಬ್ಯಾಕ್ಟೀರಿಯಾಗಳನ್ನೂ ಸೋಸಿ ಬಾಯಿಗೆ ಒಯ್ಯುತ್ತವೆ. ಕಚ್ಚುವ ಪ್ರಶ್ನೆಯೇ ಇಲ್ಲವೆಂದು ಆ ತಾಯಿಗೆ ತಾವು ಧೈರ್ಯವಾಗಿ ಹೇಳಬಹುದು.

ಶಾಲೆಯಲ್ಲಿ ಸೂಕ್ಷ್ಮದರ್ಶಕವಿದ್ದರೆ ಒಂದು ಹನಿಯಲ್ಲಿ ಒಂದನ್ನು ಇಟ್ಟು ದಯವಿಟ್ಟು ಮಕ್ಕಳಿಗೆ ತೋರಿಸಿ. ಬೆನ್ನಿನ ಕಡೆಯಲ್ಲಿ, ತಲೆಯಿಂದ ಸ್ವಲ್ಪ ಹಿಂದೆ, ಎಣಿಸಲಾಗದಷ್ಟು ವೇಗವಾಗಿ ಮಿಡಿಯುವ ಹೃದಯ ಚಿಪ್ಪಿನ ಹೊರಗಿನಿಂದಲೇ ಕಾಣುತ್ತದೆ. ಕರುಳು ತಿಂದ ಪಾಚಿಯಿಂದ ಹಸಿರಾಗಿರುತ್ತದೆ. ಹೃದಯದ ಹಿಂದಿನ ಚೀಲದಲ್ಲಿ ಮೊಟ್ಟೆಗಳೋ, ಕಪ್ಪು ಕಣ್ಣು ಮೂಡಿದ ಮರಿಗಳೋ ಇರುತ್ತವೆ. ತಲೆಯ ಮುಂದೆ ಒಂದೇ ಒಂದು ದೊಡ್ಡ ಕಣ್ಣು ನಡುಗುತ್ತಿರುತ್ತದೆ. ಭ್ರೂಣದಲ್ಲಿ ಎರಡಾಗಿದ್ದು ಮುಂದೆ ಕೂಡಿಕೊಂಡು ಒಂದಾಗುವ ಕಣ್ಣು ಅದು. ಸ್ವೀಡನ್ನಿನ ನಿಸರ್ಗವಿಜ್ಞಾನಿ ಲಿನೇಯಸ್ 1758ರಲ್ಲಿ ಇಂಥ ಜೀವಿಗಳನ್ನು ‘ಒಕ್ಕಣ್ಣಿನದು’ ಎಂಬರ್ಥದ ‘ಮೊನೊಕ್ಯುಲಸ್’ ಕುಲಕ್ಕೆ ಸೇರಿಸಿದ್ದು ಇದನ್ನು ಕಂಡೇ.

ಈಗ ಎಚ್ಚರ ಬೇಕಾದ ಜಾಗಕ್ಕೆ ಬರುತ್ತೇನೆ. ‘ಡ್ಯಾಫ್ನಿಯಾ’ ಒಂದು ಕುಲದ ಹೆಸರು, ಒಂದೇ ಪ್ರಭೇದದ ಹೆಸರಲ್ಲ. ಪಠ್ಯಗಳಲ್ಲಿ ಹೆಚ್ಚಾಗಿ ಕಾಣುವ ‘ಡ್ಯಾಫ್ನಿಯಾ ಪ್ಯುಲೆಕ್ಸ್’ ಎಂಬ ಜೋಡಿಪದದಲ್ಲಿ ‘ಪ್ಯುಲೆಕ್ಸ್’ ಎಂದರೆ ಲ್ಯಾಟಿನ್ನಿನಲ್ಲಿ ಚಿಗಟವೇ. ಮನುಷ್ಯನನ್ನು ಕಚ್ಚುವ ಚಿಗಟದ ಕುಲಕ್ಕೂ ‘ಪ್ಯುಲೆಕ್ಸ್’ ಎಂದೇ ಹೆಸರು. ಆದ್ದರಿಂದ ಎರಡನೆಯ ಪದವನ್ನು ಎಂದಿಗೂ ಒಂಟಿಯಾಗಿ ಬಳಸಬಾರದು. ಇನ್ನೊಂದು ಗೊಂದಲವೆಂದರೆ ‘ಡ್ಯಾಫ್ನೆ’ ಎಂಬ ಗಿಡದ ಕುಲವೂ ಇದೆ. ಹಿಮಾಲಯದಲ್ಲಿ ಅದರ ತೊಗಟೆಯಿಂದ ಕಾಗದ ಮಾಡುತ್ತಾರೆ. ಕನ್ನಡಕ್ಕೆ ಅನುವಾದಿಸುವವರು ಆ ಒಂದು ಅಕ್ಷರದ ವ್ಯತ್ಯಾಸವನ್ನು ನುಂಗಿಬಿಟ್ಟರೆ ಪ್ರಾಣಿ ಗಿಡವಾಗುತ್ತದೆ, ಥೇಟ್ ಆ ಪುರಾಣದ ಹೆಣ್ಣಿನಂತೆ.

ಅಷ್ಟೇ ಅಲ್ಲ, ನಮ್ಮ ಬೆಚ್ಚನೆಯ ಕೆರೆಗಳಲ್ಲಿ ಮಕ್ಕಳಿಗೆ ಸಿಗುವುದು ಅನೇಕ ಸಲ ಡ್ಯಾಫ್ನಿಯಾ ಆಗಿರದೆ ಅದರ ಹತ್ತಿರದ ನೆಂಟನಾದ ‘ಮೊಯ್ನಾ’ ಆಗಿರುತ್ತದೆ. ಅಕ್ವೇರಿಯಂ ಮೀನಿಗೆ ಹಾಕುವ ಜೀವಂತ ಆಹಾರದ ವ್ಯಾಪಾರದಲ್ಲಿಯೂ ಎರಡನ್ನೂ ಒಂದೇ ಹೆಸರಿನಿಂದ ಕರೆಯುವ ರೂಢಿಯಿದೆ. ಡ್ಯಾಫ್ನಿಯಾದ ಚಿಪ್ಪಿನ ತುದಿಯಲ್ಲಿ ಬಾಲದಂತಹ ಮುಳ್ಳು, ಮುಖದಲ್ಲಿ ಹಕ್ಕಿಯ ಕೊಕ್ಕಿನಂತಹ ಚೂಪು ಇರುತ್ತವೆ. ಮೊಯ್ನಾದಲ್ಲಿ ಇವೆರಡೂ ಇರುವುದಿಲ್ಲ. ಮುಳ್ಳನ್ನು ಕಣ್ಣಾರೆ ಕಾಣದೆ ‘ಡ್ಯಾಫ್ನಿಯಾ’ ಎಂದು ಬರೆಯುವುದಕ್ಕಿಂತ ‘ನೀರುಚಿಗಟ’ ಎಂದು ಬರೆಯುವುದೇ ಹೆಚ್ಚು ಸತ್ಯವಾದದ್ದು, ಏಕೆಂದರೆ ಆ ಹೆಸರು ಇಡೀ ಬಳಗವನ್ನು ಒಳಗೊಳ್ಳುತ್ತದೆ. ತಮ್ಮ ಕನ್ನಡ ಮೇಷ್ಟ್ರ ತಿದ್ದುಪಡಿಯನ್ನು ನಾನು ಈ ಕಾರಣಕ್ಕೆ ಒಪ್ಪುತ್ತೇನೆ.

ಉತ್ತರ 3: ಬಿಸಿಲನಾಡು

ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಆರೋಗ್ಯ ಕಾರ್ಯಕರ್ತನಾಗಿ ದುಡಿದು ನಿವೃತ್ತನಾದವನು ನಾನು. ಕಠಿಣಚರ್ಮಿಗಳ ವಿಚಾರದಲ್ಲಿ ನನಗೆ ಪಾಂಡಿತ್ಯವಿಲ್ಲ, ಆದರೆ ಒಂದು ವಿನಂತಿಯಿದೆ. ‘ನೀರುಚಿಗಟ’ ಎಂಬ ಹೆಸರನ್ನು ದಯಮಾಡಿ ಸೈಕ್ಲಾಪ್ಸಿಗೆ ಬಳಸಬೇಡಿ. ಹಳೆಯ ಬರಹಗಳಲ್ಲಿ ಈ ಕಲಬೆರಕೆ ಆಗಿರುವುದನ್ನು ಕಂಡಿದ್ದೇನೆ. ನಮ್ಮ ಕಡೆಯ ಜನರ ಪಾಲಿಗೆ ಇವೆರಡರ ನಡುವಿನ ವ್ಯತ್ಯಾಸ ಬರಿಯ ಪದದ ವ್ಯತ್ಯಾಸವಾಗಿರಲಿಲ್ಲ.

ನಾರುಹುಣ್ಣು ರೋಗವನ್ನು ತರುವ ಹುಳದ ಮರಿಗಳು ಮನುಷ್ಯನ ದೇಹ ಸೇರುತ್ತಿದ್ದದ್ದು ಸೈಕ್ಲಾಪ್ಸಿನ ಮೂಲಕ. ಪಾವಟಿಗೆಯ ಬಾವಿಗಳಲ್ಲಿ ಜನ ಇಳಿದು, ಹುಣ್ಣಿದ್ದ ಕಾಲನ್ನು ನೀರಿನಲ್ಲಿಟ್ಟು ಕೊಡ ತುಂಬುತ್ತಿದ್ದರು. ಹುಣ್ಣಿನಿಂದ ಹೊರಬಿದ್ದ ಮರಿಗಳನ್ನು ಸೈಕ್ಲಾಪ್ಸ್ ನುಂಗುತ್ತಿತ್ತು, ಆ ನೀರನ್ನು ಸೋಸದೆ ಕುಡಿದವರಿಗೆ ಸುಮಾರು ಒಂದು ವರ್ಷದ ನಂತರ ಮೊಳದುದ್ದಕ್ಕೂ ಮೀರಿದ ಹುಳ ಕಾಲಿನಿಂದ ಹೊರಬರುತ್ತಿತ್ತು. ಅದನ್ನು ಕಡ್ಡಿಗೆ ಸುತ್ತಿ, ದಿನಕ್ಕೆ ಸ್ವಲ್ಪ ಸ್ವಲ್ಪವಾಗಿ ಎಳೆಯಬೇಕಿತ್ತು. ಈ ರೋಗದಲ್ಲಿ ಸೈಕ್ಲಾಪ್ಸಿನ ಪಾತ್ರವನ್ನು 1870ರ ಸುಮಾರಿಗೆ ತುರ್ಕಿಸ್ತಾನದಲ್ಲಿ ಕಂಡುಹಿಡಿದವರು ರಷ್ಯಾದ ಫೆದ್ಚೆಂಕೊ. ನಮ್ಮ ದೇಶದ ಕೊನೆಯ ರೋಗಿ 1996ರ ಜುಲೈನಲ್ಲಿ ರಾಜಸ್ಥಾನದಲ್ಲಿ ಕಂಡುಬಂದರು. 2000ದ ಫೆಬ್ರವರಿಯಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಭಾರತವನ್ನು ಈ ರೋಗದಿಂದ ಮುಕ್ತವೆಂದು ಘೋಷಿಸಿತು.

ಹಳ್ಳಿಯಲ್ಲಿ ನಾನು ‘ಸೈಕ್ಲಾಪ್ಸ್’ ಎಂದಾಗ ಯಾರಿಗೂ ಏನೂ ತಿಳಿಯುತ್ತಿರಲಿಲ್ಲ. ಬಿಳಿಯ ಬಟ್ಟೆಯನ್ನು ಎರಡು ಮಡಿಕೆ ಮಾಡಿ ಕೊಡದ ಬಾಯಿಗೆ ಕಟ್ಟಿ, ನೀರು ಸುರಿದು, ಆ ಬಟ್ಟೆಯನ್ನು ಸ್ವಚ್ಛ ನೀರಿದ್ದ ಗಾಜಿನ ಲೋಟದಲ್ಲಿ ಮಗುಚಿ ಅದ್ದಿ ತೋರಿಸಿದಾಗ, ಅದರಲ್ಲಿ ಕುಪ್ಪಳಿಸುವ ಚುಕ್ಕೆಗಳನ್ನು ಕಂಡು ಅಜ್ಜಿಯೊಬ್ಬರು ‘ಇದನ್ನ ಇಷ್ಟು ವರ್ಷ ಕುಡದ್ವೇನ್ರಿ?’ ಎಂದು ಸೆರಗನ್ನು ಬಾಯಿಗೆ ಒತ್ತಿಕೊಂಡದ್ದು ಇಂದಿಗೂ ನನ್ನ ಕಣ್ಣ ಮುಂದಿದೆ. ಸೈಕ್ಲಾಪ್ಸ್ ಹನಿಯಾಕಾರದ್ದು, ಬಾಲ ಕವಲೊಡೆದಿರುತ್ತದೆ, ಹೆಣ್ಣಿನ ಎರಡೂ ಪಕ್ಕದಲ್ಲಿ ಜೋಳಿಗೆಯಂತೆ ಮೊಟ್ಟೆಯ ಚೀಲಗಳು ಜೋತಾಡುತ್ತವೆ. ತಮ್ಮ ಲೋಟದಲ್ಲಿ ಇದೂ ಇದ್ದಿರಬಹುದು. ಎರಡಕ್ಕೂ ಒಂದೇ ಹೆಸರಿಟ್ಟರೆ, ಈ ರೋಗದಲ್ಲಿ ಪಾತ್ರವಿಲ್ಲದ ಜೀವಿಯ ಮೇಲೆ ಅದರ ಹೊರೆ ಬೀಳುತ್ತದೆ.

ಉತ್ತರ 4: ಪದಮೂಲ

ಬಿಸಿಲನಾಡು ಅವರಿಗೆ ನಮಸ್ಕಾರಗಳು. ತಾವು ಹೇಳಿದ ಭೇದವನ್ನು ಕನ್ನಡದ ಹೆಸರಿನಲ್ಲಿಯೇ ತರಲು ಸಾಧ್ಯವಿದೆ. ‘ಸೈಕ್ಲಾಪ್ಸ್’ ಎಂಬುದರ ಗ್ರೀಕ್ ಮೂಲದಲ್ಲಿ ‘ಕುಕ್ಲೊಸ್’ ಎಂದರೆ ಚಕ್ರ, ‘ಓಪ್ಸ್’ ಎಂದರೆ ಕಣ್ಣು. ‘ಕುಕ್ಲೊಸ್’ ಮತ್ತು ಸಂಸ್ಕೃತದ ‘ಚಕ್ರ’ ಒಂದೇ ಬೇರಿನಿಂದ ಬಂದ ಪದಗಳು. ಎರಡನೆಯ ಪದಕ್ಕೂ ‘ಅಕ್ಷಿ’ಗೂ ಅದೇ ಬಗೆಯ ನಂಟಿದೆ. ಹಾಗಾಗಿ ‘ಚಕ್ರಾಕ್ಷ’ ಎಂದರೆ ಅದು ಅನುವಾದ ಮಾತ್ರವಲ್ಲ, ಬಳಗದ ಪದವೇ ಮನೆಗೆ ಬಂದಂತಾಗುತ್ತದೆ. ಆದರೆ ಆರೋಗ್ಯದ ತಿಳಿವಳಿಕೆಯ ಬರಹಗಳಲ್ಲಿ ‘ಸೈಕ್ಲಾಪ್ಸ್’ ಈಗಾಗಲೇ ನೆಲೆಯೂರಿರುವುದರಿಂದ ಅದನ್ನು ಕದಲಿಸಬೇಕೆಂದು ನಾನು ಹೇಳುವುದಿಲ್ಲ.

ಪ್ರಶ್ನೆ ಕೇಳಿದವರಿಂದ: ಕೆರೆದಂಡೆ

ಮೂವರಿಗೂ ಹೃತ್ಪೂರ್ವಕ ವಂದನೆಗಳು. ಹನಿಯೊಳಗೆ ಮೇಡಂ ಹೇಳಿದಂತೆ ಇಂದು ಪ್ರಯೋಗಾಲಯದಲ್ಲಿ ನೋಡಿದೆವು. ಹತ್ತರಲ್ಲಿ ಏಳಕ್ಕೆ ಮುಳ್ಳಿರಲಿಲ್ಲ. ಎರಡಕ್ಕೆ ಮುಳ್ಳೂ ಕೊಕ್ಕೂ ಸ್ಪಷ್ಟವಾಗಿದ್ದವು. ಉಳಿದ ಒಂದು ಜೋಳಿಗೆ ಹೊತ್ತ ಸೈಕ್ಲಾಪ್ಸ್. ಪುಟವನ್ನು ಹೀಗೆ ತಿದ್ದಿದ್ದೇನೆ: ‘ಈ ನೀರುಚಿಗಟಗಳು ಚಿಗಟದಂತೆ ನೆಗೆಯುತ್ತವೆ, ಆದರೆ ಚಿಗಟಗಳಲ್ಲ, ಕಚ್ಚುವುದೂ ಇಲ್ಲ, ಇವು ಏಡಿ, ಸಿಗಡಿಗಳ ದೂರದ ನೆಂಟರು. ಬೆನ್ನ ತುದಿಯಲ್ಲಿ ಮುಳ್ಳು ಮತ್ತು ಮುಖದಲ್ಲಿ ಕೊಕ್ಕು ಇರುವವನ್ನು ವಿಜ್ಞಾನಿಗಳು ಡಾಫ್ನಿಯ ಕುಲಕ್ಕೆ ಸೇರಿಸುತ್ತಾರೆ.’ ನಮ್ಮ ಕನ್ನಡ ಮೇಷ್ಟ್ರು ಇದನ್ನು ಒಪ್ಪಿದ್ದಾರೆ.

ಇನ್ನೊಂದು ಪದ ಉಳಿದಿದೆ. ಕೆರೆ ಒಣಗುವ ಕಾಲಕ್ಕೆ ಇವು ಗಟ್ಟಿ ಕವಚದೊಳಗೆ ಮೊಟ್ಟೆ ಇಟ್ಟು, ಆ ಮೊಟ್ಟೆಗಳು ಕೆಸರಿನಲ್ಲಿ ಉಳಿದು, ಮಳೆ ಬಂದ ಮೇಲೆ ಒಡೆಯುತ್ತವೆ. ಆ ಕವಚವನ್ನು ‘ಎಫಿಪ್ಪಿಯಮ್’ ಎನ್ನುತ್ತಾರೆ. ಅದಕ್ಕೆ ಕನ್ನಡದಲ್ಲಿ ಏನೆನ್ನಬಹುದು?

ಉತ್ತರ 5: ಪದಮೂಲ

ಗ್ರೀಕಿನಲ್ಲಿ ‘ಎಪಿ’ ಎಂದರೆ ಮೇಲೆ, ‘ಹಿಪ್ಪೊಸ್’ ಎಂದರೆ ಕುದುರೆ. ಕುದುರೆಯ ಬೆನ್ನ ಮೇಲೆ ಹಾಕುವ ಜೀನು ಎಂದು ಅರ್ಥ. ಆ ಕವಚ ತಾಯಿಯ ಬೆನ್ನ ಮೇಲೆ ಜೀನಿನಂತೆಯೇ ಕೂತಿರುತ್ತದೆ. ‘ಜೀನುಚಿಪ್ಪು’ ಎಂದು ಬರೆಯಿರಿ.