ಮನಸ್ಸೇ ಲೋಕವನ್ನು ಕಟ್ಟುವುದಾದರೆ, ಯಾರೂ ನೋಡದ ವಸ್ತುವಿನ ಗತಿಯೇನು?

ಪ್ರಶ್ನೆ

ಎಲ್ಲರಿಗೂ ನಮಸ್ಕಾರ. ತುಂಗೆಯ ದಂಡೆಯ ಒಂದು ಕಾಲ್ಪನಿಕ ಊರನ್ನು ಇಟ್ಟುಕೊಂಡು ಕಾದಂಬರಿಯೊಂದನ್ನು ಬರೆಯುತ್ತಿದ್ದೇನೆ. ಆ ಊರಿನವರು ನಂಬುವ ಗೂಢ ಸಿದ್ಧಾಂತವೊಂದನ್ನು ನಾನೇ ಕಲ್ಪಿಸಿ, ಅದಕ್ಕೆ ‘ಹೆಪ್ಪುವಾದ’ ಎಂದು ಹೆಸರಿಟ್ಟಿದ್ದೇನೆ. ಲೋಕವು ಹಾಲಿನಂತೆ ತೆಳುವಾದದ್ದು, ಸಂಕಲ್ಪವೇ ಅದಕ್ಕೆ ಹೆಪ್ಪು. ಹಲವು ಮನಸ್ಸುಗಳು ಒಂದೇ ಸಂಗತಿಯನ್ನು ಅಲುಗಾಡದೆ ನೆನೆದರೆ ಅದು ಗಟ್ಟಿಯಾಗಿ ವಸ್ತುವಾಗುತ್ತದೆ ಎಂಬುದು ಅದರ ತಿರುಳು. ಹೊಳೆಯಲ್ಲಿ ಮುಳುಗಿಹೋದ ಮಗ ಬಂದೇ ಬರುತ್ತಾನೆಂದು ತಾಯಿಯೊಬ್ಬಳು ನಂಬಿದ್ದಾಳೆ. ಮೊದಮೊದಲು ಕನಿಕರದಿಂದ ತಲೆಯಾಡಿಸುತ್ತಿದ್ದ ಕೇರಿಯವರೂ ಬರಬರುತ್ತ ನಿಜವಾಗಿಯೇ ನಂಬತೊಡಗುತ್ತಾರೆ. ಒಂದು ಬೆಳಗ್ಗೆ ಅವಳ ಜಗಲಿಯ ಮೇಲೆ ಮಗನ ಚಪ್ಪಲಿಗಳು ಒದ್ದೆಯಾಗಿ ಬಿದ್ದಿರುತ್ತವೆ. ಆದರೆ ಅವನ ಹೆಣವನ್ನು ಕಣ್ಣಾರೆ ಕಂಡು, ಭಯದಿಂದ ಯಾರಿಗೂ ಹೇಳದೆ ಸುಮ್ಮನಿದ್ದ ಅಂಬಿಗನೊಬ್ಬನೂ ಅದೇ ಊರಿನಲ್ಲಿದ್ದಾನೆ.

ನನ್ನ ಸಂದೇಹಗಳು ಎರಡು. ತಾಯಿಯ ಮನಸ್ಸೂ ಅಂಬಿಗನ ಮನಸ್ಸೂ ಎದುರುಬದುರಾದಾಗ ಯಾವುದು ಗೆಲ್ಲಬೇಕು? ರಾತ್ರಿ ಎಲ್ಲರೂ ನಿದ್ದೆಹೋದಾಗ ಆ ಚಪ್ಪಲಿಗಳು ಜಗಲಿಯ ಮೇಲೆಯೇ ಇರುತ್ತವೆಯೆ? ನಮ್ಮ ದರ್ಶನಗಳಲ್ಲಿ ಇದಕ್ಕೆ ಆಧಾರಗಳಿದ್ದರೆ ದಯವಿಟ್ಟು ತಿಳಿಸಿ.

ಉತ್ತರ 1

ತಮ್ಮ ಹೆಪ್ಪುವಾದಕ್ಕೆ ಅತ್ಯಂತ ಹತ್ತಿರದ ನೆಂಟನೆಂದರೆ, ವಸಿಷ್ಠರು ರಾಮನಿಗೆ ಕಥೆಗಳ ಮೂಲಕ ಬೋಧಿಸುವ ಗ್ರಂಥವಾದ ಯೋಗವಾಸಿಷ್ಠ. ಅದರ ಉತ್ಪತ್ತಿ ಪ್ರಕರಣದಲ್ಲಿ ಬರುವ ಲೀಲೆಯೆಂಬ ರಾಣಿಯ ಕಥೆಯಲ್ಲಿ, ರಾಜನ ಮೆರವಣಿಗೆಯನ್ನು ನೋಡಿ ತಾನೂ ರಾಜನಾಗಬೇಕೆಂದು ಆಸೆಪಟ್ಟ ಬ್ರಾಹ್ಮಣನೊಬ್ಬ ಸಾಯುತ್ತಾನೆ. ಆಮೇಲೆ ಅವನು ಆಳಿದ ಇಡೀ ಸಾಮ್ರಾಜ್ಯ, ಅದರ ಬೆಟ್ಟಗಳು ಮತ್ತು ನದಿಗಳ ಸಮೇತ, ಅವನು ಸತ್ತ ಮನೆಯೊಳಗಿನ ಬಯಲಿನಲ್ಲಿಯೇ ಹರಡಿಕೊಂಡಿರುತ್ತದೆ. ಅಲ್ಲಿ ಒಂದು ಆಯುಷ್ಯವೇ ಕಳೆದಿರುವಾಗ ಈ ಮನೆಯಲ್ಲಿ ಆದದ್ದು ಎಂಟು ದಿನ ಮಾತ್ರ.

ಆದರೆ ತಮ್ಮ ಮೊದಲನೆಯ ಪ್ರಶ್ನೆಗೆ ಉಪಶಮ ಪ್ರಕರಣದ ಗಾಧಿಯ ಕಥೆಯೇ ಹೆಚ್ಚು ಒದಗುತ್ತದೆ. ಕೊಳದಲ್ಲಿ ಮುಳುಗುಹಾಕಿದ ಗಾಧಿಯೆಂಬ ಬ್ರಾಹ್ಮಣ ಆ ಕ್ಷಣದಲ್ಲಿಯೇ ಬೇರೊಂದು ಬಾಳನ್ನು ಬಾಳುತ್ತಾನೆ: ಚಂಡಾಲನಾಗಿ ಹುಟ್ಟುತ್ತಾನೆ, ಕೀರದೇಶದ ರಾಜನಾಗುತ್ತಾನೆ, ಹುಟ್ಟಿನ ಗುಟ್ಟು ಬಯಲಾದಾಗ ಬೆಂಕಿಗೆ ಬಿದ್ದು, ಮತ್ತೆ ಕೊಳದ ನೀರಿನಿಂದ ಮೇಲೇಳುತ್ತಾನೆ. ಇದು ಬರಿಯ ಭ್ರಮೆಯಾಗಿದ್ದರೆ ಕಥೆ ಅಲ್ಲಿಗೇ ಮುಗಿಯುತ್ತಿತ್ತು. ಆದರೆ ಅತಿಥಿಯೊಬ್ಬ ಬಂದು ಆ ದೇಶದಲ್ಲಿ ಹೀಗೆಯೇ ನಡೆಯಿತೆಂದು ಹೇಳುತ್ತಾನೆ. ಗಾಧಿ ಹೊರಟು ಹೋಗಿ ನೋಡಿದರೆ ಜನ ಎಲ್ಲವನ್ನೂ ನೆನಪಿಟ್ಟುಕೊಂಡಿರುತ್ತಾರೆ. ಇದಕ್ಕೆ ವಿಷ್ಣು ಕೊಡುವ ವಿವರಣೆಯಲ್ಲಿ ಬರುವ ಶಬ್ದವನ್ನು ನಾವು ದಿನವೂ ಆಡುತ್ತೇವೆ, ಕಾಕತಾಳೀಯ. ಕಾಗೆ ಕೂರುವುದಕ್ಕೂ ತಾಳೆಹಣ್ಣು ಬೀಳುವುದಕ್ಕೂ ಕೂಡಿಬಂದಂತೆ, ಒಂದೇ ಬಗೆಯ ತೋರಿಕೆ ಹಲವು ಮನಸ್ಸುಗಳಲ್ಲಿ ಏಕಕಾಲಕ್ಕೆ ಮೂಡಿತು ಎಂಬುದು ಅದರ ಅಭಿಪ್ರಾಯ. ಅಲ್ಲಿಗೆ ಒಬ್ಬರ ಮನಸ್ಸು ಇನ್ನೊಬ್ಬರದನ್ನು ಗೆಲ್ಲುವ ಪ್ರಶ್ನೆಯೇ ಏಳುವುದಿಲ್ಲ.

ಒಂದು ಮಾತು ಸೇರಿಸುತ್ತೇನೆ. ‘ಬಯಸಿದ್ದು ಸಿಕ್ಕೇ ಸಿಗುತ್ತದೆ’ ಎಂದು ಈಗ ಶಿಬಿರ ನಡೆಸಿ ಶುಲ್ಕ ವಸೂಲು ಮಾಡುವವರು ಈ ಗ್ರಂಥವನ್ನೂ ಎಳೆದುತರುವುದುಂಟು. ಯೋಗವಾಸಿಷ್ಠದಲ್ಲಿ ಮನಸ್ಸು ಕಟ್ಟಿದ ಲೋಕವು ಹೆಚ್ಚಾಗಿ ಕಟ್ಟಿದವನಿಗೇ ಸೆರೆಮನೆ. ಗಾಧಿ ಏನನ್ನೂ ಗಳಿಸಲಿಲ್ಲ, ಸುಟ್ಟುಕೊಂಡ.

ಉತ್ತರ 2

ನಾನು ದ್ವೈತ ಸಂಪ್ರದಾಯದಲ್ಲಿ ಓದಿದವನು. ಆದ್ದರಿಂದ ತಮ್ಮ ಎರಡನೆಯ ಪ್ರಶ್ನೆಯನ್ನಷ್ಟೇ ಎತ್ತಿಕೊಳ್ಳುತ್ತೇನೆ. ಕಂಡಾಗಲಷ್ಟೇ ವಸ್ತು ಹುಟ್ಟುತ್ತದೆ, ಕಾಣದಿದ್ದಾಗ ಇಲ್ಲ ಎಂಬ ಮತಕ್ಕೆ ಅದ್ವೈತದಲ್ಲಿಯೇ ದೃಷ್ಟಿಸೃಷ್ಟಿವಾದವೆಂಬ ಹೆಸರಿದೆ. ಉಡುಪಿಯ ಮಧ್ವಾಚಾರ್ಯರು ಜಗತ್ತು ಸತ್ಯವೆಂದು, ಜೀವ, ಜಡ ಮತ್ತು ಈಶ್ವರರ ನಡುವಣ ಐದು ಬಗೆಯ ಭೇದವೂ ಸತ್ಯವೆಂದು ಸಾರಿದವರು. ಅವರ ಪರಂಪರೆಯ ವ್ಯಾಸತೀರ್ಥರು, ಅಂದರೆ ವಿಜಯನಗರದ ಅರಸರ ಗೌರವಕ್ಕೆ ಪಾತ್ರರಾಗಿ 1539ರಲ್ಲಿ ಕಾಲವಾಗಿ ಆನೆಗೊಂದಿಯ ನವವೃಂದಾವನದಲ್ಲಿ ಬೃಂದಾವನಸ್ಥರಾದವರು, ‘ನ್ಯಾಯಾಮೃತ’ದಲ್ಲಿ ಆ ದೃಷ್ಟಿಸೃಷ್ಟಿವಾದವನ್ನು ಖಂಡಿಸಿದ್ದಾರೆ. ಮಧುಸೂದನ ಸರಸ್ವತಿಗಳು ‘ಅದ್ವೈತಸಿದ್ಧಿ’ಯಲ್ಲಿ ಅದಕ್ಕೆ ಮರುತ್ತರ ಕೊಟ್ಟರು; ಆ ಜಗಳ ಬೇರೆ.

ಇಲ್ಲಿ ಮುಖ್ಯವಾದದ್ದು ಪ್ರತ್ಯಭಿಜ್ಞೆ. ‘ನಿನ್ನೆ ಕಂಡ ಆ ಗಡಿಗೆಯೇ ಇದು’ ಎಂದು ನಾವು ಗುರುತಿಸುತ್ತೇವೆ. ನಡುವೆ ಯಾರೂ ನೋಡದ ಇರುಳಿನಲ್ಲಿ ಗಡಿಗೆ ಇರಲಿಲ್ಲವೆಂದಾದರೆ, ಬೆಳಗ್ಗೆ ಕಂಡದ್ದು ಅದೇ ಗಡಿಗೆಯಲ್ಲ, ಅದರಂತೆಯೇ ಇರುವ ಮತ್ತೊಂದು. ಅದನ್ನು ತಮ್ಮ ಚಪ್ಪಲಿಗೆ ಹೊಂದಿಸಿ ನೋಡಿ. ಆ ಹುಡುಗ ಸಾಯುವ ಮೊದಲು ಯಾವಾಗಲೋ ಎಡಗಾಲಿನ ಚಪ್ಪಲಿಯ ಉಂಗುಟ ಕಿತ್ತುಹೋಗಿ, ಸಂತೆಯಲ್ಲಿ ಹೊಲಿಸಿಕೊಂಡಿದ್ದನೆಂದು ಇಟ್ಟುಕೊಳ್ಳೋಣ. ಅಟ್ಟೆಯ ಅಡಿಯಲ್ಲಿ ಎರಡು ಗಂಟು ಹಾಕಿದ ದಾರವಿತ್ತು. ತಾಯಿಗೆ ಅದು ಗೊತ್ತಿಲ್ಲ, ಕೇರಿಯವರಿಗೂ ಗೊತ್ತಿಲ್ಲ. ನೆನಪಿನಿಂದ ಹೆಪ್ಪುಗಟ್ಟಿದ ಚಪ್ಪಲಿಯಲ್ಲಿ ಆ ಗಂಟು ಇರಲು ಸಾಧ್ಯವೆ? ಇಲ್ಲವಾದರೆ ಅದು ಅವನ ಚಪ್ಪಲಿಯಲ್ಲ. ಇದ್ದರೆ, ಅದನ್ನು ತಂದದ್ದು ಮನಸ್ಸಲ್ಲ.

ಉತ್ತರ 3

ಮೇಲಿನವರು ಬೌದ್ಧರನ್ನು ಮರೆತಂತಿದೆ. ಎಲ್ಲವೂ ವಿಜ್ಞಾನವೇ, ಅಂದರೆ ಮನಸ್ಸಿನ ಅರಿವೇ, ಆಗಿದ್ದರೆ ವಸ್ತು ಒಂದು ಜಾಗದಲ್ಲಿ, ಒಂದು ಹೊತ್ತಿನಲ್ಲಿ ಮಾತ್ರ ಏಕೆ ಕಾಣಬೇಕು, ಹಲವರಿಗೆ ಏಕೆ ಒಟ್ಟಿಗೆ ಕಾಣಬೇಕು ಎಂಬ ಆಕ್ಷೇಪವನ್ನು ಬೌದ್ಧ ದಾರ್ಶನಿಕ ವಸುಬಂಧು ತನ್ನ ‘ವಿಂಶತಿಕಾ’ ಎಂಬ ಗ್ರಂಥದ ಆರಂಭದಲ್ಲಿ ತಾನೇ ಎತ್ತಿಕೊಳ್ಳುತ್ತಾನೆ. ಜಾಗ ಮತ್ತು ಹೊತ್ತಿನ ಕಟ್ಟು ಕನಸಿನಲ್ಲಿಯೂ ಇರುತ್ತದೆಂಬುದು ಅವನ ಒಂದು ಉತ್ತರ. ಹಲವರಿಗೆ ಒಟ್ಟಿಗೆ ಕಾಣುವುದಕ್ಕೆ ಅವನು ಕೊಡುವ ದೃಷ್ಟಾಂತ ಪ್ರೇತಗಳದ್ದು: ಒಂದೇ ಬಗೆಯ ಕರ್ಮವಿಪಾಕಕ್ಕೆ, ಅಂದರೆ ಹಿಂದಿನ ಕರ್ಮದ ಫಲಕ್ಕೆ, ಒಳಗಾದ ಪ್ರೇತಗಳೆಲ್ಲ ನದಿಯಲ್ಲಿ ನೀರಿನ ಬದಲು ಕೀವನ್ನೇ ಕಾಣುತ್ತವೆ. ಅಂದರೆ ಒಂದೇ ನೋಟವನ್ನು ಹಂಚಿಕೊಳ್ಳಲು ಒಪ್ಪಂದ ಬೇಕಾಗಿಲ್ಲ, ಒಂದೇ ಬಗೆಯ ಹಳೆಯ ಹೊರೆ ಸಾಕು. ತಮ್ಮ ಕೇರಿಯವರು ಆ ತಾಯಿಯ ಜೊತೆಗೂಡಿ ನಂಬಿದ್ದು ಬರಿಯ ಕನಿಕರದಿಂದಲೋ, ಅಥವಾ ಹುಡುಗ ಮುಳುಗುವಾಗ ದಡದಲ್ಲಿ ನಿಂತು ನೋಡುತ್ತಿದ್ದ ಅಪರಾಧದ ಭಾರದಿಂದಲೋ?

ಪ್ರಶ್ನೆ ಕೇಳಿದವರ ಮರುನುಡಿ

ತಮಗೆಲ್ಲರಿಗೂ ನಾನು ಋಣಿ. ಯಾರ ಮನಸ್ಸು ಗೆಲ್ಲಬೇಕೆಂಬ ನನ್ನ ಪ್ರಶ್ನೆಯೇ ಕುಸ್ತಿಯ ಕಣದಿಂದ ಬಂದದ್ದೆಂದು ಈಗ ತೋರುತ್ತಿದೆ, ಅದನ್ನು ಕೈಬಿಟ್ಟಿದ್ದೇನೆ. ದಡದಲ್ಲಿ ನಿಂತವರ ವಿಷಯ ನನಗೆ ಹೊಳೆದೇ ಇರಲಿಲ್ಲ. ಅದನ್ನು ಮೊದಲ ಅಧ್ಯಾಯಕ್ಕೇ ಸೇರಿಸುತ್ತಿದ್ದೇನೆ.

ಗಂಟಿನ ಮಾತು ಮಾತ್ರ ಎರಡು ದಿನ ನಿದ್ದೆಗೆಡಿಸಿತು. ಹೆಣವನ್ನು ಕಂಡಿದ್ದ ಅಂಬಿಗನಿಗೆ ಚಪ್ಪಲಿಯ ಅಡಿಯೂ ಕಂಡಿರಬಹುದಲ್ಲವೆ? ಹಾಗಾಗಿ ಮೂರನೆಯ ಅಧ್ಯಾಯವನ್ನು ತಿದ್ದಿ ಬರೆದಿದ್ದೇನೆ. ನಸುಕಿನಲ್ಲಿ ಅವನು ಜಗಲಿಯ ಹತ್ತಿರ ಬಂದು, ಎಡಗಾಲಿನ ಚಪ್ಪಲಿಯನ್ನು ಎತ್ತಿ ಮಗುಚಿ ನೋಡುತ್ತಾನೆ. ಅಟ್ಟೆ ನುಣ್ಣಗಿರುತ್ತದೆ. ಅವನು ಹೆಬ್ಬೆರಳಿನಿಂದ ಅದನ್ನು ಸವರುತ್ತ, ತಾನು ಕಂಡದ್ದನ್ನು ನೆನೆಯುತ್ತ ನಿಂತಿರುವಷ್ಟರಲ್ಲಿ, ಬೆರಳಿಗೆ ದಾರದ ಗಂಟೊಂದು ತಗಲುತ್ತದೆ.

ಉತ್ತರ 2ರವರಿಂದ

ಇದನ್ನು ಸಿದ್ಧಾಂತವಾಗಿ ನಾನು ಒಪ್ಪಲಾರೆ. ನಾಲ್ಕನೆಯ ಅಧ್ಯಾಯ ಮುಗಿದಾಗ ದಯವಿಟ್ಟು ಕಳುಹಿಸಿಕೊಡಿ.